ಹಿಮನದಿಗೆ ಹೊದಿಸಿದ ಕೌದಿ

“ಅಷ್ಟ ರೊಕ್ಕಾ ಕೊಟ್ಟು ಬರ್ಫ ನೋಡಾಕ ಹೋಗಬೇಕೇನ?”

ಸ್ವಿಟ್ಜರ್ಲೆಂಡ್ ಪ್ರವಾಸದ ಸುದ್ದಿ ಹೇಳಿದಾಗ ಅವ್ವ ಫೋನಿನಲ್ಲಿ ಕೇಳಿದ ಮೊದಲ ಪ್ರಶ್ನೆ ಇದು. ಎರಡನೆಯದು, “ಅಲ್ಲಿ ಚಾ ಸಿಗತೈತೇನ?” ಮೂರನೆಯದು ಬರುವಷ್ಟರಲ್ಲಿ ಅಣ್ಣ ಫೋನ್ ಕಸಿದುಕೊಂಡಿದ್ದ. “ಅವ್ವಗ ಬಿಪಿ ಐತಿ, ಮೊಣಕಾಲ ನೋವು ಐತಿ. ಹತ್ತು ಸಾವಿರ ಫೂಟ್ ಮ್ಯಾಲ ಹಗ್ಗದ ಡಬ್ಬ್ಯಾಗ ಕುಂದರಿಸಿ ಒಯ್ತೀಯೇನ? ಏನರ ಆದ್ರ ಯಾರ ಜವಾಬ್ದಾರಿ?”

ನನ್ನ ಹತ್ತಿರ ಉತ್ತರ ಇರಲಿಲ್ಲ. ಆದರೆ ಅಡ್ವಾನ್ಸ್ ಕಟ್ಟಿಯಾಗಿತ್ತು.

ನಮ್ಮೂರು ಕೊಣ್ಣೂರ, ಗೋಕಾಕ ತಾಲೂಕು. ಬೆಂಗಳೂರಿನ ಆಫೀಸಿನಲ್ಲಿ ಹೆಸರು ಹೇಳಿದರೆ ಯಾರಿಗೂ ಗೊತ್ತಾಗಲ್ಲ. “ಗೋಕಾಕ ಫಾಲ್ಸ್ ಹತ್ತಿರ” ಅಂದ ಕೂಡಲೇ “ಓ, ಕರದಂಟು!” ಅಂತಾರೆ. ಪರವಾಗಿಲ್ಲ, ಅದೂ ನಮ್ಮದೇ. ಆದರೆ ನಮ್ಮ ಬಾಲ್ಯ ಪೂರ್ತಿ ಇದ್ದದ್ದು ಘಟಪ್ರಭೆಯ ಸದ್ದಿನಲ್ಲಿ. 52 ಮೀಟರ್ ಎತ್ತರದಿಂದ ನದಿ ಕಮರಿಗೆ ಬೀಳುತ್ತದೆ. ಅದರ ತಲೆಯ ಮೇಲೆ 201 ಮೀಟರ್ ಉದ್ದದ ತೂಗುಸೇತುವೆ. ದಡದಲ್ಲಿ 1885ರಲ್ಲಿ ಶುರುವಾದ ಗೋಕಾಕ ಮಿಲ್ಲು. ಕೆಳಗೆ ಕಮರಿಯಲ್ಲಿ ಹಳೆಯ ಪವರ್ ಹೌಸ್. 1887ರಲ್ಲೇ ಇಲ್ಲಿ ನೀರಿನಿಂದ ಕರೆಂಟು ತೆಗೆದರು ಅನ್ನುವುದು ನಮ್ಮ ಕಡೆಯವರ ಹೆಮ್ಮೆ. ಆ ಪವರ್ ಹೌಸಿಗೆ ಇಳಿಯಲು ಒಂದು ರೋಪ್‌ವೇ ಇದೆ.

ಅಪ್ಪ ಕೆಲಸ ಮಾಡುತ್ತಿದ್ದದ್ದು ಅಲ್ಲೇ.

“ಮುಂದಿನ ವರ್ಷ ನೋಡೂಣು”

ರಾತ್ರಿ ಊಟಕ್ಕೆ ಕುಳಿತಾಗ ಅಪ್ಪ ಆ ರೋಪ್‌ವೇ ಬಗ್ಗೆ ಹೇಳುತ್ತಿದ್ದರು. ಮಳೆಗಾಲದಲ್ಲಿ ನೀರಿನ ತುಂತುರು ಹೇಗೆ ಮುಖಕ್ಕೆ ಹೊಡೆಯುತ್ತೆ, ಟ್ರಾಲಿ ಬಿಟ್ಟ ಕೂಡಲೇ ಹೇಗೆ “ಹೊಟ್ಟ್ಯಾಗ ಒಮ್ಮೆಲೆ ಖಾಲಿ ಖಾಲಿ ಆಗತೈತಿ” ಅಂತ. ಅವ್ವ ರೊಟ್ಟಿ ಬಡಿಯುತ್ತಲೇ ಕೇಳುತ್ತಿದ್ದಳು. ಒಮ್ಮೆ ನನ್ನನ್ನೂ ಕರೆದುಕೊಂಡು ಹೋಗ್ರಿ ಅಂತ ಬಾಯಿ ಬಿಟ್ಟು ಹೇಳಿದ್ದಳಂತೆ. “ಅದು ಡ್ಯೂಟಿ ಮಾಡೋರಿಗೆ ಅಷ್ಟ. ಸಾಹೇಬ್ರನ್ನ ಕೇಳಿ ಮುಂದಿನ ವರ್ಷ ನೋಡೂಣು” ಅಂದಿದ್ದರು ಅಪ್ಪ.

“ಮುಂದಿನ ವರ್ಷ ನೋಡೂಣು” ಅನ್ನುವುದು ನಮ್ಮ ಮನೆಯ ಕಾಯಂ ಮಾತು. ಮನೆಗೆ ಬಣ್ಣ ಹಚ್ಚುವುದು ಮುಂದಿನ ವರ್ಷ. ಕಾಶಿಗೆ ಹೋಗುವುದು ಮುಂದಿನ ವರ್ಷ. ಅವ್ವನ ಮೊಣಕಾಲು ತೋರಿಸುವುದೂ ಮುಂದಿನ ವರ್ಷ. ನನಗೆ ಕೆಲಸ ಸಿಕ್ಕ ಮೇಲೆ ನಾನೂ ಅದನ್ನೇ ಕಲಿತೆ. ಅಪ್ರೈಸಲ್ ಆಗಲಿ, ಕಾರಿನ ಲೋನ್ ಮುಗಿಯಲಿ, ಆಮೇಲೆ ಇಬ್ಬರನ್ನೂ ಎಲ್ಲಾದರೂ ಕರೆದುಕೊಂಡು ಹೋಗ್ತೀನಿ ಅಂತಿದ್ದೆ. ಲೋನ್ ಮುಗಿಯಲು 4 ಕಂತು ಬಾಕಿ ಇದ್ದಾಗ ಅಪ್ಪ ಹೋದರು.

ಮುಂದಿನ ಎರಡು ವರ್ಷ ಅವ್ವ ಮನೆ ಬಿಟ್ಟು ಎಲ್ಲೂ ಹೋಗಲಿಲ್ಲ. ಫೋನ್ ಮಾಡಿದಾಗಲೆಲ್ಲ “ಆರಾಮ ಅದೇನಿ” ಅನ್ನುವ ಒಂದೇ ಉತ್ತರ. ಒಂದು ರಾತ್ರಿ ಟೀಮ್ ಕಾಲ್ ಮುಗಿಸಿ ಸುಮ್ಮನೆ ಫೋನ್ ತಿರುಗಿಸುತ್ತಿದ್ದಾಗ ಟಿಟ್ಲಿಸ್ ಬೆಟ್ಟದ ವಿಡಿಯೊ ಕಣ್ಣಿಗೆ ಬಿತ್ತು. ಕೆಂಪು ಬಣ್ಣದ ದುಂಡನೆಯ ಡಬ್ಬಿ ಹಗ್ಗದ ಮೇಲೆ ತಿರುಗುತ್ತಾ ಹಿಮದ ಕಡೆಗೆ ಹೋಗುತ್ತಿತ್ತು. ಮರುದಿನವೇ ಗ್ರೂಪ್ ಟೂರ್‌ಗೆ ಇಬ್ಬರ ಹೆಸರು ಬರೆಸಿದೆ. ಅವ್ವನನ್ನು ಕೇಳಲೇ ಇಲ್ಲ. ಅದು ನನ್ನ ಮೊದಲ ತಪ್ಪು.

ಡಾಕ್ಟರ್ ಕೇಳಿದ ಪ್ರಶ್ನೆ

ಅಣ್ಣನ ಬಾಯಿ ಮುಚ್ಚಿಸಲು ಅವ್ವನನ್ನು ಡಾಕ್ಟರ್ ಹತ್ತಿರ ಕರೆದುಕೊಂಡು ಹೋದೆ. ಬಿಪಿ ನೋಡಿದರು, ಇಸಿಜಿ ಮಾಡಿಸಿದರು, ಗುಳಿಗೆಗಳ ಚೀಟಿ ನೋಡಿದರು. ನಂತರ ನನಗೆ ಒಂದು ಲೆಕ್ಕ ಹೇಳಿದರು. ಸುಮಾರು 3,000 ಮೀಟರ್ ಎತ್ತರದಲ್ಲಿ ಗಾಳಿಯ ಒತ್ತಡ ಸಮುದ್ರಮಟ್ಟದ 70 ಪರ್ಸೆಂಟಿನಷ್ಟೇ ಇರುತ್ತದೆ. ಅಂದರೆ ಒಂದೊಂದು ಉಸಿರಿಗೆ ಸಿಗುವ ಆಮ್ಲಜನಕವೂ ಅಷ್ಟೇ ಕಡಿಮೆ. ನಡೆದು ಹತ್ತಿದರೆ ಮೈಗೆ ಒಗ್ಗಿಕೊಳ್ಳಲು ಟೈಮ್ ಸಿಗುತ್ತೆ. ಕೇಬಲ್ ಕಾರ್‌ನಲ್ಲಿ ಒಂದು ತಾಸೂ ಆಗುವುದಿಲ್ಲ, ಮೇಲಿರುತ್ತೀರಿ. ಬಿಪಿ ಹಿಡಿತದಲ್ಲಿದೆ, ಎದೆ ತೊಂದರೆ ಇಲ್ಲ, ಎರಡು ಮೂರು ತಾಸು ಇದ್ದು ಬರುವುದಕ್ಕೆ ಭಯ ಬೇಡ. ನಿಧಾನ ನಡೀಬೇಕು, ನೀರು ಕುಡೀಬೇಕು, ಬೆಳಗಿನ ಗುಳಿಗೆ ತಪ್ಪಿಸಬಾರದು. ತಲೆ ಸುತ್ತಿದರೆ, ಎದೆ ಭಾರ ಅನಿಸಿದರೆ ಹಟ ಮಾಡದೆ ಕೆಳಗೆ ಇಳಿಯಬೇಕು.

ಇಷ್ಟು ಹೇಳಿ ಅವರು ಅವ್ವನ ಕಡೆ ತಿರುಗಿದರು. “ನಿಮಗ ಹೋಗೂ ಮನಸ್ಸು ಐತೇನ್ರಿ?”

ಅಲ್ಲಿಯವರೆಗೆ ಆ ಪ್ರಶ್ನೆಯನ್ನು ಯಾರೂ ಕೇಳಿರಲಿಲ್ಲ. ಅವ್ವ ಸ್ವಲ್ಪ ಹೊತ್ತು ಸುಮ್ಮನಿದ್ದು, “ಎತ್ತರದ್ದ ಅಂಜಿಕಿ ಇಲ್ರಿ. ಅದು ನಡುವ ನಿಂತ್ರ ಏನ್ ಮಾಡೂದು? ಬಾಗಿಲಾನೂ ತೆಗೆಯಾಕ ಬರೂದಿಲ್ಲಂತ” ಅಂದಳು.

ನಾನು ಎತ್ತರದ ಬಗ್ಗೆ ಧೈರ್ಯ ಹೇಳಲು ರೆಡಿಯಾಗಿದ್ದೆ. ಅವಳ ಭಯವೇ ಬೇರೆ ಇತ್ತು. ಆ ರಾತ್ರಿ ಇಬ್ಬರೂ ಕುಳಿತು ಕೇಬಲ್ ಕಾರ್ ಹೇಗೆ ಓಡುತ್ತೆ ಅಂತ ವಿಡಿಯೊ ನೋಡಿದೆವು. ಒಂದಕ್ಕೆ ಎರಡು ಬ್ರೇಕ್, ಮುಖ್ಯ ಮೋಟಾರು ಕೈಕೊಟ್ಟರೆ ಎಳೆದು ತರಲು ಬೇರೆ ಎಂಜಿನ್, ಗಾಳಿ ಜೋರಾದರೆ ಮೊದಲೇ ಬಂದ್ ಮಾಡುವ ನಿಯಮ. ಅವ್ವ ಎಲ್ಲ ನೋಡಿ, “ಮಿಲ್ಲಿನ ಮಷೀನ್ ಇದ್ದಂಗ ಐತಿ. ನೋಡ್ಕೊಳ್ಳೋರು ಚಲೋ ಇದ್ರ ಓಡತೈತಿ” ಅಂದಳು. ಅದೇ ಒಪ್ಪಿಗೆ.

ಜಾತ್ರೆಯ ತೊಟ್ಟಿಲು

ಆಗಸ್ಟ್ ಕೊನೆಯ ವಾರ. ಲೂಸರ್ನ್ ಊರಿನ ಹೋಟೆಲಿನಿಂದ ಬೆಳಿಗ್ಗೆ ಬಸ್ ಹೊರಟಿತು. ನಮ್ಮ ಗ್ರೂಪಿನಲ್ಲಿ 38 ಜನ, ಜೊತೆಗೆ ಪುಣೆಯ ಕಡೆಯ ಟೂರ್ ಮ್ಯಾನೇಜರ್. ಅವರಿಗೆ ಕನ್ನಡ ಬರದು, ಅವ್ವನಿಗೆ ಹಿಂದಿ ಬರದು. ಆದರೆ ಗಡಿ ಜಿಲ್ಲೆಯವರಾದ ನಮಗೆ ಮರಾಠಿ ಅಷ್ಟಿಷ್ಟು ಬರುತ್ತೆ. ಮೂರನೇ ದಿನಕ್ಕೆ ಅವ್ವ ಅವರಿಗೆ “ಮಾವಶಿ” ಆಗಿದ್ದಳು.

ಬಸ್ ನಿಂತದ್ದು ಎಂಗೆಲ್‌ಬರ್ಗ್ ಎಂಬ ಊರಿನಲ್ಲಿ. ಎತ್ತರ ಸುಮಾರು 1,000 ಮೀಟರ್, ಅಂದರೆ ನಮ್ಮ ಬೆಂಗಳೂರಿಗಿಂತ ಸ್ವಲ್ಪವೇ ಹೆಚ್ಚು. ಹಳೆಯ ಮಠವಿರುವ, ಹಸಿರು ಹುಲ್ಲಿನ ಕಣಿವೆ. ತಲೆ ಎತ್ತಿದರೆ ಮೋಡ. ಬೆಟ್ಟದ ತುದಿ ಕಾಣುತ್ತಿರಲಿಲ್ಲ. ಮೇಲಿನ ನೇರ ದೃಶ್ಯವನ್ನು ಕೆಳಗೆ ಪರದೆಯ ಮೇಲೆ ತೋರಿಸುತ್ತಾರೆ. ಟೂರ್ ಮ್ಯಾನೇಜರ್ ಅದನ್ನು ನೋಡಿ ನಕ್ಕರು. ಮೋಡ ಇರುವುದು ನಡುವೆ ಮಾತ್ರ, ತುದಿಯಲ್ಲಿ ಬಿಸಿಲು.

ಮೊದಲ ಹಂತದ ಗೊಂಡೊಲಾದಲ್ಲಿ ಒಂದೊಂದು ಡಬ್ಬಿಗೆ 8 ಜನ. ಡಬ್ಬಿ ಪೂರ್ತಿ ನಿಲ್ಲುವುದಿಲ್ಲ. ನಿಲ್ದಾಣದೊಳಗೆ ಬಂದಾಗ ಓಡುವ ಹಗ್ಗದ ಹಿಡಿತ ಬಿಟ್ಟು, ಆಮೆಯ ಹಾಗೆ ಸರಿಯುತ್ತಾ ಬರುತ್ತೆ. ಆಗ ಹತ್ತಬೇಕು. ಬಾಗಿಲು ಮುಚ್ಚಿದ ಮೇಲೆ ಮತ್ತೆ ಹಗ್ಗ ಕಚ್ಚಿಕೊಂಡು ಹೊರಡುತ್ತೆ. ಅವ್ವ ಸೀರೆಯ ನೆರಿಗೆ ಎತ್ತಿಕೊಂಡು ಕ್ಷಣ ತಡೆದಳು. ಅಲ್ಲಿದ್ದ ಹುಡುಗ ಕೈಮಾಡಿ ವೇಗ ಇನ್ನೂ ಕಡಿಮೆ ಮಾಡಿಸಿದ. ವಯಸ್ಸಾದವರಿದ್ದರೆ ಹೀಗೆ ಕೇಳಿಕೊಳ್ಳಬಹುದು, ನಾಚಿಕೆ ಬೇಡ. “ನಮ್ಮ ಜಾತ್ರಿ ತೊಟ್ಟಿಲಾ ಹತ್ತಿಧಂಗ ಆತು” ಅಂತ ಕುಳಿತಳು.

ಡಬ್ಬಿ ಹೊರಗೆ ಜಾರಿತು. ಕೆಳಗೆ ಹುಲ್ಲುಗಾವಲು, ಕೊರಳಿಗೆ ಗಂಟೆ ಕಟ್ಟಿದ ಆಕಳು. ಬಾಗಿಲು ಮುಚ್ಚಿದ್ದರೂ ಗಂಟೆಯ ಸದ್ದು ಕೇಳುತ್ತಿತ್ತು. ನಾನು ಅವ್ವನ ಮುಖವನ್ನೇ ನೋಡುತ್ತಿದ್ದೆ. ಕಂಬ ಹತ್ತಿರ ಬಂತು. ಕೇಬಲ್ ಕಾರ್‌ನಲ್ಲಿ ಕುಳಿತವರಿಗೆ ಗೊತ್ತು, ಕಂಬದ ಗಾಲಿಗಳ ಮೇಲೆ ಹಾಯುವಾಗ ಕಟಕಟ ಸದ್ದಾಗಿ, ದಾಟಿದ ಕೂಡಲೇ ಡಬ್ಬಿ ಒಮ್ಮೆ ತೂಗುತ್ತೆ. ಹೊಟ್ಟೆಯಲ್ಲಿ ಏನೋ ಜಾರಿದ ಹಾಗೆ. ನಾನು ಕಂಬಿ ಹಿಡಿದೆ.

ಅವ್ವ ನಕ್ಕುಬಿಟ್ಟಳು. ಎರಡು ವರ್ಷದಿಂದ ಕೇಳಿರದ ನಗು. “ಇದಽ! ನಿಮ್ಮಪ್ಪ ಹೇಳ್ತಿದ್ದದ್ದು ಇದಽ ನೋಡು. ಹೊಟ್ಟ್ಯಾಗ ಖಾಲಿ ಖಾಲಿ!”

ಎದುರಿಗೆ ಕುಳಿತಿದ್ದ ಗುಜರಾತಿ ದಂಪತಿಗೆ ಏನೂ ಅರ್ಥವಾಗಲಿಲ್ಲ, ಆದರೂ ನಕ್ಕರು. ಮುಂದಿನ ಕಂಬ ಬರುವುದನ್ನು ಅವ್ವ ಕಾಯುತ್ತಾ ಕುಳಿತಳು. ಅದು ದಾಟಿದಾಗ ಸೆರಗಿನಿಂದ ಕಣ್ಣು ಒರೆಸಿಕೊಂಡಳು. ನಾನು ಏನೂ ಕೇಳಲಿಲ್ಲ.

ತಿರುಗುವ ಡಬ್ಬಿ

ಗೊಂಡೊಲಾ ಟ್ರೂಬ್‌ಸೀ ಎಂಬ ಕೆರೆಯ ಪಕ್ಕ 1,796 ಮೀಟರ್‌ಗೆ ಏರಿ, ಮೋಡದೊಳಗೆ ನುಗ್ಗಿ, 2,428 ಮೀಟರ್‌ನ ಸ್ಟಾಂಡ್ ನಿಲ್ದಾಣಕ್ಕೆ ತಲುಪಿತು. ಅಲ್ಲಿಂದ ವಿಡಿಯೊದಲ್ಲಿ ನೋಡಿದ್ದ ದುಂಡನೆಯ ಡಬ್ಬಿ. ಹೆಸರು ರೋಟೇರ್. 1992ರಲ್ಲಿ ಶುರುವಾದ ಇದು ಜಗತ್ತಿನ ಮೊದಲ ತಿರುಗುವ ಕೇಬಲ್ ಕಾರ್. ಸುಮಾರು 5 ನಿಮಿಷದ ದಾರಿಯಲ್ಲಿ ಒಂದು ಪೂರ್ತಿ ಸುತ್ತು ಸುತ್ತುತ್ತದೆ. ಹೀಗಾಗಿ ಕಿಟಕಿಗಾಗಿ ತಳ್ಳಾಡುವ ಅಗತ್ಯವಿಲ್ಲ, ನಿಂತಲ್ಲೇ ಎಲ್ಲವೂ ಕಣ್ಣ ಮುಂದೆ ಬರುತ್ತೆ.

ಇದರ ಲೆಕ್ಕವೇ ಬೇರೆ. ಗೊಂಡೊಲಾದಲ್ಲಿ ಡಬ್ಬಿಗಳು ಮಾಲೆಯ ಹಾಗೆ ಸುತ್ತುತ್ತಲೇ ಇರುತ್ತವೆ. ಇಲ್ಲಿ ಇರುವುದು ಎರಡೇ ಡಬ್ಬಿ. ದಪ್ಪ ಹಗ್ಗ ಹಳಿಯ ಹಾಗೆ ಅಲುಗಾಡದೆ ಇರುತ್ತೆ, ಇನ್ನೊಂದು ಹಗ್ಗ ಎಳೆಯುತ್ತೆ. ಒಂದು ಮೇಲೆ ಹೋಗುವಾಗ ಇನ್ನೊಂದು ಕೆಳಗೆ ಬರುತ್ತೆ, ಒಂದರ ಭಾರ ಇನ್ನೊಂದಕ್ಕೆ ಆಸರೆ. ಟೂರ್ ಮ್ಯಾನೇಜರ್ ಹೇಳಿದ್ದನ್ನು ನಾನು ಕನ್ನಡಕ್ಕೆ ತರುವ ಮೊದಲೇ ಅವ್ವ, “ಎರಡು ಕೊಡ ಕಟ್ಟಿದ ಬಾವಿ ರಾಟಿ” ಅಂದಳು.

ಮೋಡ ಕೆಳಗೆ ಉಳಿಯಿತು. ಕಡುನೀಲಿ ಆಕಾಶ, ಅದರ ಕೆಳಗೆ ಬಿರುಕು ಬಿಟ್ಟ ಬಿಳಿ ಹಿಮನದಿ. ಡಬ್ಬಿಯಲ್ಲಿದ್ದ ಅಷ್ಟೂ ಜನ ಒಮ್ಮೆಲೇ ಸುಮ್ಮನಾದರು. ಆಮೇಲೆ ಅಷ್ಟೂ ಫೋನುಗಳು ಮೇಲೆದ್ದವು.

ತಲೆ ಸುತ್ತಿದ್ದು ಯಾರಿಗೆ?

ಮೇಲಿನ ನಿಲ್ದಾಣ 3,020 ಮೀಟರ್‌ನಲ್ಲಿದೆ. ಟಿಟ್ಲಿಸ್‌ನ ನಿಜವಾದ ತುದಿ ಇನ್ನೂ ಮೇಲೆ, 3,238 ಮೀಟರ್. ಕೈಯಲ್ಲಿ ಎರಡೂವರೆ ತಾಸು ಇತ್ತು. ಗ್ರೂಪ್ ಟೂರಿನ ಕಷ್ಟವೇ ಇದು. ಹಿಮ, ಗುಹೆ, ಸೇತುವೆ, ಊಟ, ಫೋಟೊ ಎಲ್ಲಕ್ಕೂ ಒಂದೇ ಗಡಿಯಾರ.

ಅಂಗಳದಲ್ಲಿ ಶಾರುಖ್ ಖಾನ್ ಮತ್ತು ಕಾಜೋಲ್ ಅವರ ಆಳೆತ್ತರದ ಕಟೌಟ್ ಇದೆ, 1995ರ ‘ದಿಲ್‌ವಾಲೆ ದುಲ್ಹನಿಯಾ ಲೇ ಜಾಯೇಂಗೆ’ ಚಿತ್ರದ್ದು. ಅದರ ಮುಂದೆ ಭಾರತದ ಅರ್ಧ ಜನ ಸಾಲು ನಿಂತಿದ್ದರು. ಸಾಲು ಬೆಳೆಯುವ ಮೊದಲು ಜಾಗ ಹಿಡಿಯೋಣ ಅಂತ ನಾನು ಮೆಟ್ಟಿಲು ಹತ್ತಿ ಓಡಿದೆ. ಇಪ್ಪತ್ತು ಹೆಜ್ಜೆ ಇರಬಹುದು. ಕಿವಿಯಲ್ಲಿ ಗುಂಯ್ ಅಂತು, ಕಣ್ಣ ಮುಂದೆ ಕಪ್ಪು ಚುಕ್ಕಿ, ಕಾಲು ಹತ್ತಿಯಾಯಿತು. ಗೋಡೆ ಹಿಡಿದು ಕುಸಿದು ಕುಳಿತೆ.

ಬಿಪಿ ಇದ್ದವಳು ಅವ್ವ. ಜಿಮ್‌ಗೆ ಹೋಗುವವಳು ನಾನು. ಡಾಕ್ಟರ್ ಹೇಳಿದ್ದನ್ನೆಲ್ಲ ಅವಳು ಪಾಲಿಸಿದ್ದಳು, ನಾನು ಅವಳಿಗೆ ನೆನಪಿಸುವುದರಲ್ಲೇ ನನ್ನನ್ನು ಮರೆತಿದ್ದೆ. ಬೆಳಿಗ್ಗೆ ಗಡಿಬಿಡಿಯಲ್ಲಿ ಬರೀ ಕಾಫಿ ಕುಡಿದು ಹೊರಟಿದ್ದೆ.

ಅವ್ವ ನಿಧಾನವಾಗಿ ಬಂದು ಪಕ್ಕದಲ್ಲಿ ಕುಳಿತಳು. ನೀರಿನ ಬಾಟಲಿ ಕೊಟ್ಟಳು. ಕೈಚೀಲದಿಂದ ಕರದಂಟಿನ ಪೊಟ್ಟಣ ತೆಗೆದಳು. ಬೆಲ್ಲ, ಅಂಟು, ಕೊಬ್ಬರಿ, ಗೋಡಂಬಿ. ನಮ್ಮ ಕಡೆ ಬಾಣಂತಿಯರಿಗೆ ಶಕ್ತಿಗೆ ಅಂತ ಕೊಡುವ ತಿನಿಸು. “ಓಡಬ್ಯಾಡ ಅಂತ ಡಾಕ್ಟ್ರು ಹೇಳಿದ್ದು ನನಗ ಒಬ್ಬಾಕಿಗೇ ಅಲ್ಲ” ಅಂದಳು. ಹತ್ತು ನಿಮಿಷದಲ್ಲಿ ಸರಿಹೋಯಿತು. ಕಟೌಟ್ ಮುಂದಿನ ಫೋಟೊ ಕೊನೆಗೂ ತೆಗೆಸಿಕೊಳ್ಳಲಿಲ್ಲ.

ಬರ್ಫಿನ ಗಾಡಿ, ಹಿಮದ ಕೌದಿ

ಕೆಳ ಅಂತಸ್ತಿನಿಂದ ಹಿಮಗುಹೆಗೆ ದಾರಿ. ಹಿಮನದಿಯ ಹೊಟ್ಟೆಯಲ್ಲಿ ಕೊರೆದ 150 ಮೀಟರ್ ಉದ್ದದ ಸುರಂಗ. ಮೇಲ್ಮೈಯಿಂದ ಸುಮಾರು 20 ಮೀಟರ್ ಕೆಳಗೆ. ಒಳಗೆ ವರ್ಷಪೂರ್ತಿ ಸೊನ್ನೆಗಿಂತ ಕಡಿಮೆ, ನೀಲಿ ಬೆಳಕು, ನೆಲವೂ ಹಿಮ. ಪಕ್ಕದ ಕಂಬಿ ಬಿಡದೆ ಇಬ್ಬರೂ ಇಷ್ಟಿಷ್ಟೇ ಹೆಜ್ಜೆ ಇಟ್ಟೆವು. ಅವ್ವ ಕೈಗವಸು ತೆಗೆದು ಗೋಡೆ ಮುಟ್ಟಿದಳು.

“ನದಿ ಅಂತೀರಿ. ಹರಿಯೂದ ಕಾಣೂದಿಲ್ಲ?”

ಹರಿಯುತ್ತೆ, ಆದರೆ ನಮ್ಮ ಕಣ್ಣಿಗೆ ಕಾಣುವ ವೇಗದಲ್ಲಿ ಅಲ್ಲ. ವರ್ಷ ವರ್ಷ ಬಿದ್ದ ಹಿಮ ಒಂದರ ಮೇಲೊಂದು ಒತ್ತಿ ಗಟ್ಟಿ ಬರ್ಫ ಆಗಿ, ತನ್ನ ಭಾರಕ್ಕೆ ತಾನೇ ನಿಧಾನ ಕೆಳಗೆ ಸರಿಯುತ್ತೆ. ಚಳಿಗಾಲದಲ್ಲಿ ಮೇಲೆ ಸೇರುವ ಹಿಮ, ಬೇಸಿಗೆಯಲ್ಲಿ ಕೆಳಗೆ ಕರಗುವ ಹಿಮ, ಇವೆರಡೂ ಸಮ ಇದ್ದರೆ ಹಿಮನದಿ ಉಳಿಯುತ್ತೆ. ಖರ್ಚು ಹೆಚ್ಚಾದರೆ ಸವೆಯುತ್ತೆ. ನಮ್ಮ ಸ್ಯಾಲರಿ ಅಕೌಂಟಿನ ಹಾಗೆಯೇ.

ಹೊರಗೆ ಬಂದಾಗ ಅವ್ವನ ಕಣ್ಣಿಗೆ ಬಿದ್ದದ್ದು ಬಟ್ಟೆ. ಹಿಮದ ಇಳಿಜಾರಿನ ಮೇಲೆ ಉದ್ದುದ್ದ ಬಿಳಿ ಪಟ್ಟಿಗಳು, ಒಂದಕ್ಕೊಂದು ಜೋಡಿಸಿ ಹೊದಿಸಿದ್ದರು. ಹಿಮವೇ ಬೆಳ್ಳಗಿರುವುದರಿಂದ ನನಗೆ ಕಂಡಿರಲೇ ಇಲ್ಲ. ಮಿಲ್ಲಿನ ಊರಿನವಳಿಗೆ ಕಂಡಿತು.

“ಅದೇನ ಅದು, ಕೌದಿ ಹೊದಿಸ್ಯಾರ?”

ಟೂರ್ ಮ್ಯಾನೇಜರ್ ವಿವರಿಸಿದರು. ಅದು ಪಾಲಿಯೆಸ್ಟರ್ ಬಟ್ಟೆ. ಬೇಸಿಗೆಯಲ್ಲಿ ಹಿಮನದಿಯ ಕೆಲವು ಭಾಗಗಳಿಗೆ ಹೊದಿಸುತ್ತಾರೆ. ಬಿಳಿ ಬಣ್ಣ ಬಿಸಿಲನ್ನು ವಾಪಸ್ ಕಳಿಸುತ್ತೆ, ಬಟ್ಟೆ ಬಿಸಿಗಾಳಿಯನ್ನು ತಡೆಯುತ್ತೆ. ಕೆಳಗಿನ ಹಿಮ ಅಷ್ಟರಮಟ್ಟಿಗೆ ಉಳಿಯುತ್ತೆ.

ನನಗೆ ವಿಚಿತ್ರ ಅನಿಸಿತು. ಕೌದಿ ಹೊದ್ದರೆ ಬೆಚ್ಚಗಾಗುವುದಲ್ಲವೇ? ಅವ್ವನಿಗೆ ಅನಿಸಲಿಲ್ಲ. ಅವಳು ಸಣ್ಣವಳಿದ್ದಾಗ ಜಾತ್ರೆಯಲ್ಲಿ ಬರ್ಫಿನ ಗಾಡಿಯವನು ದೊಡ್ಡ ಗಡ್ಡೆಯನ್ನು ಕಟ್ಟಿಗೆಯ ಹೊಟ್ಟಿನಲ್ಲಿಟ್ಟು ಮೇಲೆ ಗೋಣಿಚೀಲ ಸುತ್ತುತ್ತಿದ್ದನಂತೆ. “ಹೊದಿಕಿಗೆ ಬಿಸಿನೂ ಗೊತ್ತಿಲ್ಲ, ತಂಪೂ ಗೊತ್ತಿಲ್ಲ. ಒಳಗಿಂದು ಒಳಗ ಇಡತೈತಿ, ಹೊರಗಿಂದು ಹೊರಗ” ಅಂದಳು. ಕಾಲೇಜಿನ ಫಿಸಿಕ್ಸ್ ಪುಸ್ತಕದಲ್ಲಿ ನಾನು ಓದಿದ್ದು ಇದೇ, ಇಷ್ಟು ಸರಳವಾಗಿ ಅಲ್ಲ.

ಆದರೆ ಕೌದಿ ಎಷ್ಟು ದೊಡ್ಡದಿರಲಿ, ಇಡೀ ಬೆಟ್ಟಕ್ಕೆ ಸಾಲುವುದಿಲ್ಲ. ಸ್ವಿಟ್ಜರ್ಲೆಂಡಿನ ಹಿಮನದಿಗಳನ್ನು ಅಳೆಯುವ ‘ಗ್ಲಾಮೋಸ್’ ತಂಡದ ಲೆಕ್ಕ ಭಯ ಹುಟ್ಟಿಸುತ್ತೆ. 2022ರ ಒಂದೇ ವರ್ಷದಲ್ಲಿ ಆ ದೇಶದ ಹಿಮನದಿಗಳು ತಮ್ಮ ಗಾತ್ರದ ಸುಮಾರು 6 ಪರ್ಸೆಂಟ್ ಕಳೆದುಕೊಂಡವು, 2023ರಲ್ಲಿ ಇನ್ನೂ 4 ಪರ್ಸೆಂಟ್. ಹಿಂದೆ 1960ರಿಂದ 1990ರವರೆಗೆ 30 ವರ್ಷದಲ್ಲಿ ಕರಗಿದಷ್ಟು ಹಿಮ ಈ ಎರಡೇ ವರ್ಷದಲ್ಲಿ ಹೋಯಿತು. 2019ರ ಸೆಪ್ಟೆಂಬರ್‌ನಲ್ಲಿ ಪಿಝೋಲ್ ಎಂಬ ಹಿಮನದಿಗೆ ಅಲ್ಲಿನ ಜನ ಕಪ್ಪು ಬಟ್ಟೆ ಉಟ್ಟು, ಬೆಟ್ಟ ಹತ್ತಿ, ಸತ್ತವರಿಗೆ ಮಾಡುವ ಹಾಗೆ ವಿದಾಯ ಹೇಳಿ ಬಂದರು. ಅದರ ಹಿಂದಿನ ತಿಂಗಳು, ಆಗಸ್ಟ್‌ನಲ್ಲಿ, ನಮ್ಮ ಗೋಕಾಕ ಪಟ್ಟಣದೊಳಗೆ ನೆರೆಯ ನೀರು ನುಗ್ಗಿತ್ತು. ಒಂದು ಕಡೆ ಇರಬೇಕಾದ ನೀರು ಕಾಣೆ, ಇನ್ನೊಂದು ಕಡೆ ಬೇಡದ ಹೊತ್ತಿನಲ್ಲಿ ಬೇಡವೆಂದರೂ ನೀರು.

ನಮ್ಮ ಘಟಪ್ರಭೆ ಮಳೆಯನ್ನು ನಂಬಿದ ನದಿ. ಜುಲೈ-ಆಗಸ್ಟ್‌ನಲ್ಲಿ ಭೋರ್ಗರೆಯುತ್ತೆ, ಬೇಸಿಗೆಯಲ್ಲಿ ಫಾಲ್ಸ್‌ನಲ್ಲಿ ಬಂಡೆ ಕಾಣುತ್ತೆ. ಆಲ್ಪ್ಸ್‌ನ ನದಿಗಳಿಗೆ ಬೇಸಿಗೆಯಲ್ಲಿ ನೀರು ಕೊಡುವುದರಲ್ಲಿ ಈ ಹಿಮದ ಪಾಲು ದೊಡ್ಡದು. ಎಂಗೆಲ್‌ಬರ್ಗ್‌ನ ಹೊಳೆ ಲೂಸರ್ನ್ ಸರೋವರ ಸೇರಿ, ಮುಂದೆ ರೈನ್ ನದಿಯ ಪಾಲಾಗಿ ಸಮುದ್ರಕ್ಕೆ ಹೋಗುತ್ತೆ. ಅವರ ಡ್ಯಾಮು ಇದು, ಬೆಟ್ಟದ ಮೇಲೆ ಗಟ್ಟಿಯಾಗಿ ಕುಳಿತ ಹಿಡಕಲ್ ಡ್ಯಾಮು ಅಂತ ಅವ್ವನಿಗೆ ಹೇಳಿದೆ.

ಅವಳು ಬಹಳ ಹೊತ್ತು ಆ ಬಟ್ಟೆಯನ್ನೇ ನೋಡಿದಳು. “ಮುಂದಿನ ವರ್ಷ ಬಂದ್ರ ಇದು ಇಷ್ಟ ಇರೂದಿಲ್ಲೇನ ಹಂಗಾದ್ರ?”

“ಇಷ್ಟ ಇರೂದಿಲ್ಲವ್ವಾ” ಅಂದೆ.

“ಈಗ ಬಂದದ್ದು ಚಲೋ ಆತು” ಅಂದಳು.

ನಮ್ಮ ಸೇತುವೆ ಇದಕ್ಕಿಂತ ಉದ್ದ

ಕೊನೆಗೆ ಉಳಿದದ್ದು ಕ್ಲಿಫ್ ವಾಕ್. 2012ರ ಡಿಸೆಂಬರ್‌ನಲ್ಲಿ ತೆರೆದ ತೂಗುಸೇತುವೆ. 3,041 ಮೀಟರ್ ಎತ್ತರ, 100 ಮೀಟರ್ ಉದ್ದ, ಅಗಲ ಬರೀ 1 ಮೀಟರ್. ಕೆಳಗೆ 500 ಮೀಟರ್ ಪ್ರಪಾತ. ಬೆಳಗಿನ ಘಟನೆಯಾದ ಮೇಲೆ ನನಗೆ ಧೈರ್ಯವಿರಲಿಲ್ಲ. ಅವ್ವನ ಮೊಣಕಾಲಿನ ನೆಪ ಹೇಳಿ ತಪ್ಪಿಸಿಕೊಳ್ಳೋಣ ಅಂದುಕೊಂಡೆ.

ಅವ್ವ ಕಂಬಿ ಹಿಡಿದು ಅಲುಗಾಡಿಸಿ ನೋಡಿದಳು. “ಎಷ್ಟ ಉದ್ದ ಅಂದಿ? ನೂರು? ನಮ್ಮ ಫಾಲ್ಸಿಂದು ಇದಕಿಂತ ಎರಡಪಟ್ಟು ಐತಿ” ಅಂತ ಹೆಜ್ಜೆ ಇಟ್ಟೇಬಿಟ್ಟಳು.

ಲೆಕ್ಕ ಸರಿಯೇ ಇತ್ತು. ಮದುವೆಯಾದ ಹೊಸತರಲ್ಲಿ, ಮಳೆಗಾಲದಲ್ಲಿ, ಒಂದು ಕೈಯಲ್ಲಿ ಅಪ್ಪನ ಬುತ್ತಿ, ಇನ್ನೊಂದು ಕೈಯಲ್ಲಿ ಕಂಬಿ ಹಿಡಿದು ಆ ಹಲಗೆಗಳ ಮೇಲೆ ನಡೆದವಳು ಅವಳು. ನಮ್ಮ ಸೇತುವೆಯ ಕೆಳಗೆ ಬಂಡೆ ಇರುವುದು 14 ಮೀಟರ್ ಆಳದಲ್ಲಿ, 500 ಅಲ್ಲ. ಆದರೆ ಅಲ್ಲಿ ಕೆಳಗೆ ನದಿ ಗರ್ಜಿಸುತ್ತಿತ್ತು. ಈ ಕಥೆಯನ್ನು ಅವಳು ಇಷ್ಟು ವರ್ಷ ನನಗೆ ಹೇಳಿರಲಿಲ್ಲ. ನಾನು ಕೇಳಿರಲೂ ಇಲ್ಲ.

ನಾನು ಅವಳ ಸೆರಗು ಹಿಡಿದು ಹಿಂದೆ ನಡೆದೆ. ಸೀರೆಯ ಮೇಲೆ ದಪ್ಪ ಜಾಕೆಟ್, ಕಾಲಿಗೆ ಬೂಟು, ತಲೆಗೆ ಮಂಕಿ ಟೋಪಿ. ನಡುವೆ ಎಲ್ಲಿಯೂ ನಿಲ್ಲಲಿಲ್ಲ. ಆ ತುದಿಯಲ್ಲಿ ತಿರುಗಿ, “ಬಂತಿಲ್ಲೋ?” ಅಂತ ಕೇಳಿದಳು, ಸಣ್ಣವಳಿದ್ದಾಗ ಶಾಲೆಯ ರಸ್ತೆ ದಾಟಿಸಿ ಕೇಳುತ್ತಿದ್ದ ಹಾಗೆ.

ಕರೆದುಕೊಂಡು ಹೋಗುವವರಿಗೆ

ಅಪ್ಪ-ಅಮ್ಮನನ್ನು ಇಂಥ ಜಾಗಕ್ಕೆ ಕರೆದೊಯ್ಯುವ ಯೋಚನೆ ನಿಮಗೂ ಇದ್ದರೆ, ನಾನು ಕಲಿತದ್ದು ಇಷ್ಟು.

ಬುಕ್ ಮಾಡುವ ಮೊದಲು ಅವರನ್ನು ಕೇಳಿ. ಯಾವುದಕ್ಕೆ ಭಯ ಅಂತಲೂ ಕೇಳಿ, ನಾವು ಊಹಿಸಿದ್ದು ಸರಿ ಇರಬೇಕೆಂದೇನಿಲ್ಲ. ಎದೆಯ ತೊಂದರೆ, ಹಿಡಿತಕ್ಕೆ ಬಾರದ ಬಿಪಿ, ಇತ್ತೀಚೆಗೆ ಆಪರೇಷನ್ ಆದದ್ದು, ಬಸುರಿತನ ಇದ್ದರೆ ಡಾಕ್ಟರ್ ಒಪ್ಪಿಗೆ ಇಲ್ಲದೆ ಹೋಗಬೇಡಿ. ಗುಳಿಗೆಗಳು ಸೂಟ್‌ಕೇಸಿನಲ್ಲಲ್ಲ, ಕೈಚೀಲದಲ್ಲಿರಲಿ.

ಬೆಳಿಗ್ಗೆ ಹೊಟ್ಟೆಗೆ ತಿಂದು ಹೊರಡಿ. ಮೇಲೆ ಹೋದ ಮೇಲೆ ಮೊದಲ ಹದಿನೈದು ನಿಮಿಷ ಸುಮ್ಮನೆ ಕುಳಿತುಕೊಳ್ಳಿ. ಓಡಬೇಡಿ, ಯಾವ ಫೋಟೊಗೂ.

ಆಗಸ್ಟ್ ಆದರೂ ಉಣ್ಣೆಯ ಬಟ್ಟೆ, ಕೈಗವಸು, ಜಾರದ ಬೂಟು ಬೇಕು. ಕಪ್ಪು ಕನ್ನಡಕ ಮರೆಯಬೇಡಿ. ಹಿಮದ ಮೇಲಿನ ಬಿಸಿಲು ಕಣ್ಣು ಕುಕ್ಕುತ್ತೆ, ಮುಖವೂ ಸುಡುತ್ತೆ.

ಗ್ರೂಪ್ ಟೂರಿನಲ್ಲಿ ಮೇಲೆ ಎಷ್ಟು ತಾಸು ಬಿಡುತ್ತಾರೆ ಅಂತ ಮೊದಲೇ ಕೇಳಿಕೊಳ್ಳಿ. ಎಲ್ಲವನ್ನೂ ನೋಡುವ ಹಟ ಬೇಡ, ಎರಡು ಆರಿಸಿಕೊಳ್ಳಿ. ಸ್ವಂತವಾಗಿ ಹೋಗುವವರಿಗೆ ‘ಸ್ವಿಸ್ ಟ್ರಾವೆಲ್ ಪಾಸ್’ ಇದ್ದರೆ ಟಿಟ್ಲಿಸ್ ಟಿಕೆಟ್‌ನಲ್ಲಿ ದೊಡ್ಡ ರಿಯಾಯಿತಿ ಸಿಗುತ್ತೆ. ಹೊರಡುವ ದಿನ ಬೆಳಿಗ್ಗೆ ಮೇಲಿನ ವೆಬ್‌ಕ್ಯಾಮ್ ನೋಡಿಯೇ ಹೊರಡಿ.

ಸ್ವಿಟ್ಜರ್ಲೆಂಡೇ ಆಗಬೇಕೆಂದಿಲ್ಲ. ಕಾಶ್ಮೀರದ ಗುಲ್‌ಮಾರ್ಗ್ ಗೊಂಡೊಲಾ ಅಫರ್ವತ್ ಬೆಟ್ಟದ ಮೇಲೆ 3,900 ಮೀಟರ್ ದಾಟಿಸುತ್ತೆ, ಟಿಟ್ಲಿಸ್‌ಗಿಂತಲೂ ಎತ್ತರ. ಅಲ್ಲಿ ಹಿಮನದಿ ಇಲ್ಲ, ಹಿಮ ಇದೆ. ಎತ್ತರ ಹೆಚ್ಚಿರುವುದರಿಂದ ಜಾಗ್ರತೆಯೂ ಹೆಚ್ಚು ಬೇಕು, ಹಿರಿಯರಿಗೆ ಮೊದಲ ಹಂತವೇ ಸಾಕು.

ಮರಳಿ ಫಾಲ್ಸಿಗೆ

ಊರಿಗೆ ಬಂದ ಮೇಲೆ ಒಂದು ಭಾನುವಾರ ಅಣ್ಣನ ಗಾಡಿಯಲ್ಲಿ ಫಾಲ್ಸಿಗೆ ಹೋದೆವು. ಮಳೆ ಚೆನ್ನಾಗಿ ಆಗಿತ್ತು. ಕೆಂಪು ನೀರು ಪೂರ್ತಿ ಅಗಲಕ್ಕೆ ಬೀಳುತ್ತಿತ್ತು, ತುಂತುರು ದಡದವರೆಗೂ ಬರುತ್ತಿತ್ತು. ಅವ್ವ ಅಣ್ಣನಿಗೆ ಕಮರಿಯ ಕಡೆ ಕೈಮಾಡಿ ಗೊಂಡೊಲಾ, ರೋಟೇರ್, ಎಲ್ಲ ವಿವರಿಸಿದಳು. ಯಾವ ಹಗ್ಗ ಎಳೆಯುತ್ತೆ, ಯಾವುದು ಹೊರುತ್ತೆ ಅಂತ. ಅಣ್ಣ ಬಾಯಿ ತೆರೆದು ಕೇಳಿದ.

ಹೊರಡುವಾಗ ಅವ್ವ ನನ್ನ ಕಡೆ ತಿರುಗಿ, “ಕಾಶಿಗೆ ರೈಲು ಇಲ್ಲಿಂದ ಹೆಂಗ ಐತಿ ನೋಡು” ಅಂದಳು.

“ಮುಂದಿನ...” ಅಂತ ಬಾಯಿ ತೆರೆದವಳು ಅಲ್ಲೇ ನಿಲ್ಲಿಸಿದೆ. ಫೋನ್ ತೆಗೆದೆ. ಫಾಲ್ಸ್ ಹತ್ತಿರ ನೆಟ್‌ವರ್ಕ್ ಸರಿಯಾಗಿ ಸಿಗಲಿಲ್ಲ. ಮನೆಗೆ ಬಂದು ಕೈಕಾಲು ತೊಳೆಯುವ ಮೊದಲೇ ಎರಡು ಟಿಕೆಟ್ ಬುಕ್ ಮಾಡಿದೆ. ಈ ಸಲ ತಾರೀಖು ಅವಳೇ ಹೇಳಿದಳು.